ಹಿಮದ ಗಿಡಕ್ಕೆ ಮೀನಿನ ಐಸು

ನಮ್ಮ ಗೇಟಿನ ಹೊರಗೆ, ರಸ್ತೆಯ ಅಂಚಿನಲ್ಲಿ, ಒಂದು ಚಾಪೆ ಹಾಸುವಷ್ಟು ಜಾಗದಲ್ಲಿ ಹುಲ್ಲು ಹುಟ್ಟುವುದಿಲ್ಲ. ಸುತ್ತಲೂ ಮಳೆಗಾಲದಲ್ಲಿ ಮೊಣಕಾಲೆತ್ತರ ಏಳುವ ಕಳೆ ಅಲ್ಲಿಗೆ ಬಂದು ನಿಂತುಬಿಡುತ್ತದೆ. ಮೂಡುಬಿದಿರೆಯಲ್ಲಿ ಮನೆ ಕಟ್ಟಿಸಿ ಬಹಳ ಕಾಲವಾದರೂ ನಾನು ಇದನ್ನು ಗಮನಿಸಿಯೇ ಇರಲಿಲ್ಲ. ಹೋದ ತಿಂಗಳು ಒಂದು ಬೆಳಿಗ್ಗೆ ಮೀನಿನ ರಿಕ್ಷಾ ಬಂದು ಹಾರ್ನ್ ಹೊಡೆದಾಗ ಪಾತ್ರೆ ಹಿಡಿದುಕೊಂಡು ಹೋದೆ. ಮೀನಿನವನು ಬಂಗುಡೆ ಹಾಕಿಕೊಟ್ಟು, ಥರ್ಮೋಕೋಲ್ ಪೆಟ್ಟಿಗೆಯ ಮೂಲೆಯಲ್ಲಿದ್ದ ತೂತಿನ ಬಿರಡೆ ತೆಗೆದ. ಕರಗಿದ ಐಸಿನ ನೀರು ಸುರ್ರೆಂದು ಅದೇ ಜಾಗಕ್ಕೆ ಬಿತ್ತು. ದಿನವೂ ಅಲ್ಲಿಯೇ ನಿಲ್ಲಿಸುತ್ತಾನೆ, ದಿನವೂ ಅಲ್ಲಿಯೇ ಬಿಡುತ್ತಾನೆ. ಬೈಯಬೇಕೆಂದು ಬಾಯಿ ತೆರೆದೆ. ಅಷ್ಟರಲ್ಲಿ ಆ ತಣ್ಣನೆಯ ಉಪ್ಪುಪ್ಪು ವಾಸನೆ ಮೂಗಿಗೆ ಬಡಿಯಿತು, ಮಾತು ಅಲ್ಲಿಗೇ ನಿಂತಿತು.

"ಎಂತ ಅಕ್ಕಾ?" ಎಂದ ಅವನು.

"ಎಂತ ಇಲ್ಲ" ಎಂದೆ.

ವಾಸನೆಗಳ ವಿಷಯ ನಿಮಗೂ ಗೊತ್ತಿರುವುದೇ. ಕಣ್ಣು ಕಂಡದ್ದನ್ನು ನಾವು ಸ್ವಲ್ಪ ಹೊತ್ತು ಯೋಚಿಸಿ ನೆನಪಿಸಿಕೊಳ್ಳುತ್ತೇವೆ. ಮೂಗು ಮಾತ್ರ ನಮ್ಮನ್ನು ಕೇಳದೆಯೇ ಕರೆದುಕೊಂಡು ಹೋಗುತ್ತದೆ. ಕೈಯಲ್ಲಿ ಬಂಗುಡೆಯ ಪಾತ್ರೆ ಇರುವಾಗಲೇ ನಾನು ಸಿದ್ಧಕಟ್ಟೆಯ ಜಯ ಮಾವನ ಅಂಗಳದಲ್ಲಿದ್ದೆ. ಒಳಗೆ ಬಂದವಳು ಮೀನನ್ನು ಅಡುಗೆಮನೆಯಲ್ಲಿಡುವ ಬದಲು ಪುಸ್ತಕದ ಕಪಾಟಿನ ಮೇಲಿಟ್ಟು ಸುಮ್ಮನೆ ಕುಳಿತಿದ್ದೆನೆಂದು ಮನೆಯವರು ಈಗಲೂ ನಗುತ್ತಾರೆ. ಬೆಕ್ಕಿಗೆ ಮಾತ್ರ ಆ ದಿನದಿಂದ ನನ್ನ ಮೇಲೆ ಗೌರವ ಹೆಚ್ಚಿದೆ.

ಜಯ ಮಾವ ನನ್ನ ಅಮ್ಮನ ಅಣ್ಣ. ನನ್ನ ತಂದೆಯ ಮನೆ ಬೆಳ್ತಂಗಡಿಯಿಂದ ಇನ್ನೂ ಒಳಗೆ, ಬಸ್ಸು ತನಗೆ ಮನಸ್ಸಾದಾಗ ಬರುವ ಊರಿನಲ್ಲಿ. ಮೂಡುಬಿದಿರೆಯ ಕಾಲೇಜಿಗೆ ಅಲ್ಲಿಂದ ದಿನವೂ ಹೋಗಿಬರುವುದು ಆಗದ ಮಾತು. ಹಾಗಾಗಿ ಡಿಗ್ರಿ ಮುಗಿಯುವವರೆಗೆ ಸಿದ್ಧಕಟ್ಟೆಯಲ್ಲಿ ಮಾವನ ಮನೆಯಲ್ಲಿದ್ದೆ. ಮಾವ ಸೈನ್ಯದಲ್ಲಿದ್ದವರು. ಲಡಾಖಿನ ಕಡೆ, ಮರವೇ ಬೆಳೆಯದ ಎತ್ತರದಲ್ಲಿ ಹಲವು ವರ್ಷ ಕಾವಲಿದ್ದು, ಎಡಗಾಲಿನ ಎರಡು ಬೆರಳನ್ನು ಅಲ್ಲಿನ ಚಳಿಗೆ ಕೊಟ್ಟು ಬಂದವರು. ಸೈನ್ಯದಿಂದ ಬಂದವರು ನಮ್ಮ ಕಡೆ ಸಾಮಾನ್ಯವಾಗಿ ಬ್ಯಾಂಕಿನ ಬಾಗಿಲಲ್ಲಿ ಬಂದೂಕು ಹಿಡಿದು ನಿಲ್ಲುತ್ತಾರೆ, ಇಲ್ಲವೆ ಕೋಳಿ ಫಾರ್ಮ್ ಮಾಡುತ್ತಾರೆ, ಅದೂ ಇಲ್ಲವೆಂದರೆ ಊರಿನವರಿಗೆ ಶಿಸ್ತು ಕಲಿಸಲು ಹೊರಟು ಎಲ್ಲರ ಕೈಯಲ್ಲಿ ಬೈಸಿಕೊಳ್ಳುತ್ತಾರೆ. ಮಾವ ಇದಾವುದನ್ನೂ ಮಾಡಲಿಲ್ಲ. ಅಂಗಳದ ಮೂಲೆಯಲ್ಲಿ ಕಲ್ಲು ತಂದು ಹಾಕಲು ಸುರುಮಾಡಿದರು.

ದೊಡ್ಡ ಕರಿಕಲ್ಲುಗಳನ್ನು ಓರೆಯಾಗಿ ಅರ್ಧಕ್ಕೆ ಹೂತರು. ಸಂದುಗಳಿಗೆ ಹೊಳೆಯ ದೊರಗು ಮರಳು, ನಮ್ಮ ಮಾತಿನ ಹೊಯಿಗೆ, ಮತ್ತು ಕ್ರಷರಿನಿಂದ ತಂದ ಬೇಬಿ ಜಲ್ಲಿ ತುಂಬಿದರು. ಮಣ್ಣು ಮಾತ್ರ ಮದ್ದಿಗೆ ಹಾಕುವಷ್ಟು. ಅದರ ಮೇಲೆ ನಾಲ್ಕು ಕಂಬ ನಿಲ್ಲಿಸಿ, ಬೆಳಕು ಹಾಯುವ ಫೈಬರ್ ಶೀಟಿನ ಒಂದು ಮಾಡು ಮಾಡಿದರು. ಬದಿಗಳನ್ನು ಗಾಳಿಗೆ ಬಿಟ್ಟರು.

ನೀವು ನಮ್ಮ ಕಡೆಯವರಾಗಿದ್ದರೆ ಮುಂದಿನದನ್ನು ಹೇಳಬೇಕಾಗಿಲ್ಲ. ಅಂಗಳದ ಮೂಲೆಯಲ್ಲಿ ಕಲ್ಲು ನೆಟ್ಟು ಮೇಲೊಂದು ಮಾಡು ಕಟ್ಟಿದರೆ ಅದು ದೈವದ ಕಟ್ಟೆಯಾಗಿರಬೇಕು, ಇಲ್ಲವೆ ನಾಗನ ಕಲ್ಲಾಗಿರಬೇಕು. ಮೂರನೆಯದೊಂದು ಇರಬಹುದೆಂದು ಯಾರಿಗೂ ಹೊಳೆಯುವುದಿಲ್ಲ. ಕಟ್ಟಿದ ಬೀಡಿಯನ್ನು ಬ್ರಾಂಚಿಗೆ ಕೊಡಲು ಹೋಗುವ ಹೆಂಗಸರು ಮಾವನ ಮನೆಯ ಎದುರು ಚಪ್ಪಲಿ ಕಳಚಿ, ಕೈಮುಗಿದು, ಮತ್ತೆ ಚಪ್ಪಲಿ ಹಾಕಿಕೊಂಡು ಮುಂದೆ ಹೋಗುತ್ತಿದ್ದರು. ಒಂದು ಸಂಕ್ರಾಂತಿಯ ಬೆಳಿಗ್ಗೆ ಕಲ್ಲಿನ ಮೇಲೆ ಯಾರೋ ಇಟ್ಟ ಕೇಪುಳ ಹೂ ಇತ್ತು. ಮಾವನ ಹೆಂಡತಿ ಶಾರದತ್ತೆಗೆ ಹೆದರಿಕೆ ಹಿಡಿಯಿತು. "ನಾಳೆ ಜೋಯಿಸರಲ್ಲಿ ಪ್ರಶ್ನೆ ಇಟ್ಟಾಗ ಇದು ಕಂಡುಬಂದರೆ ಎಂತ ಹೇಳುವುದು?" ಎಂದು ಅವರ ಚಿಂತೆ. ಒಬ್ಬ ಮುದುಕಿಯಂತೂ ನೇರವಾಗಿ ಅಂಗಳಕ್ಕೆ ಬಂದು ಕೇಳಿದಳು.

"ಇದು ಯಾವ ದೈವ ಅಣ್ಣಾ?"

"ಇನ್ನೂ ಬರಲಿಲ್ಲ" ಎಂದರು ಮಾವ, ಜಲ್ಲಿ ಜಾಲಿಸುವುದನ್ನು ನಿಲ್ಲಿಸದೆ.

ಬರಬೇಕಾಗಿದ್ದದ್ದು ಒಂದು ಗಿಡ. ಗಿಡ ಎನ್ನಲೂ ಸಂಕೋಚವಾಗಬೇಕು, ಅಷ್ಟು ಗಿಡ್ಡ. ಮಾವ ಅದನ್ನು ಕಂಡದ್ದು ತಾವು ಕಾವಲಿದ್ದ ಬೆಟ್ಟದಲ್ಲಿ. ಕಲ್ಲಿನ ಸಂದಿನಲ್ಲಿ ಅಂಗೈ ಒತ್ತಿಟ್ಟಂತೆ ನೆಲಕ್ಕೆ ಅಂಟಿಕೊಂಡು ಬೆಳೆಯುತ್ತದೆ. ಎಲೆಗಳು ಒಂದಕ್ಕೊಂದು ಎಷ್ಟು ಒತ್ತಾಗಿರುತ್ತವೆ ಎಂದರೆ ಸೂಜಿ ತೂರಿಸುವುದೂ ಕಷ್ಟ. ಮೇಲೇಳಲು ಅದಕ್ಕೆ ಆಸೆಯೇ ಇಲ್ಲ. ಎದ್ದರೆ ಗಾಳಿ ಕಿತ್ತುಕೊಂಡು ಹೋಗುತ್ತದೆ. ಒಣಗಿದ ಹಳೆಯ ಎಲೆಯನ್ನು ಉದುರಿಸದೆ ತನ್ನ ಅಡಿಯಲ್ಲಿಯೇ ಇಟ್ಟುಕೊಂಡು, ಅದನ್ನೇ ಮಣ್ಣು ಮಾಡಿಕೊಂಡು, ಅದರಲ್ಲಿಯೇ ಬೇರು ಬಿಡುತ್ತದೆ. ಬೊಗಸೆಯಷ್ಟು ಆಗಲು ಎಷ್ಟೋ ವರ್ಷ ಬೇಕು. ವರ್ಷಕ್ಕೊಮ್ಮೆ, ಹಿಮ ಕರಗಿದ ಕೂಡಲೇ, ಎಳ್ಳಿನ ಹೂವಿಗಿಂತ ಸಣ್ಣದಾದ ನೇರಳೆ ಬಣ್ಣದ ಹೂ ಮೈತುಂಬ ಬಿಡುತ್ತದೆ. ಅದರ ಹೆಸರು ಮಾವನಿಗೆ ಗೊತ್ತಿರಲಿಲ್ಲ. ನನಗೂ ಈವರೆಗೆ ಗೊತ್ತಿಲ್ಲ. ನಮ್ಮ ಮನೆಯಲ್ಲಿ ಅದಕ್ಕೆ ಬೆಟ್ಟದ ಗಿಡ ಎಂದೇ ಹೆಸರು.

ಗಿಡದ ಹುಚ್ಚು ಹಿಡಿದವರನ್ನು ನಾನು ಬಹಳ ಕಂಡಿದ್ದೇನೆ. ಆಂಥೂರಿಯಂಗಾಗಿ ನೆಂಟಸ್ತಿಕೆ ಕೆಡಿಸಿಕೊಂಡವರಿದ್ದಾರೆ. ಮಾವನದು ಆ ಜಾತಿಯದಲ್ಲ. ಅವರಿಗೆ ಗಿಡಗಳಲ್ಲಿ ವಿಶೇಷ ಆಸಕ್ತಿಯೇ ಇರಲಿಲ್ಲ. ದಾಸವಾಳ ಅರಳಿದರೆ ತಿರುಗಿ ನೋಡುತ್ತಿರಲಿಲ್ಲ. ಅವರಿಗೆ ಬೇಕಾಗಿದ್ದದ್ದು ಆ ಒಂದು ಗಿಡ, ಅದರ ಒಂದು ಹೂ. ಅದೂ ತಮಗಾಗಿ ಅಲ್ಲ, ಕನ್ಯಾನದ ಕಲ್ಯಾಣಿಯಮ್ಮನಿಗಾಗಿ.

ಕಲ್ಯಾಣಿಯಮ್ಮನ ಮಗ ಸಂಜೀವ ಮಾವನ ಜೊತೆಯಲ್ಲಿಯೇ ಇದ್ದವನು. ಆ ಎತ್ತರದಲ್ಲಿ ಇಡೀ ತುಕಡಿಗೆ ತುಳು ಬರುವವರು ಇವರಿಬ್ಬರೇ. ಮೇಲಿನವರನ್ನು ಅವರೆದುರೇ ಹೊಟ್ಟೆತುಂಬ ಬೈಯುವ ಸುಖ ತಮಗಿಬ್ಬರಿಗೆ ಮಾತ್ರ ಇತ್ತೆಂದು ಮಾವ ಹೇಳುತ್ತಿದ್ದರು. ಒಂದು ಮಧ್ಯಾಹ್ನ ಮೇಲಿನ ಇಳಿಜಾರಿನ ಹಿಮ ಜರಿದು ಬಂತು. ಸಂಜೀವ ಅದರ ಅಡಿಯಾದ. ಅಗೆದರು, ಮತ್ತೆ ಬೇಸಿಗೆಯಲ್ಲಿ ಬಂದು ಹುಡುಕಿದರು. ಸಿಗಲಿಲ್ಲ. ಕನ್ಯಾನದ ಮನೆಗೆ ಬಂದದ್ದು ಅವನ ಟ್ರಂಕು ಮಾತ್ರ.

ಮಾವ ರಜೆಯಲ್ಲಿ ಬಂದಾಗಲೆಲ್ಲ ಕನ್ಯಾನಕ್ಕೆ ಹೋಗುತ್ತಿದ್ದರು. ಹೋಗಿ ಏನು ಮಾತಾಡುವುದೆಂದು ಅವರಿಗೂ ಗೊತ್ತಿರಲಿಲ್ಲ. ಮಗ ಹೇಗೆ ಸತ್ತ ಎಂದು ಆ ತಾಯಿ ಒಮ್ಮೆಯೂ ಕೇಳಲಿಲ್ಲವಂತೆ. ಒಂದು ಸಲ ಬೆಲ್ಲ ನೀರು ತಂದಿಟ್ಟು ಎದುರು ಕುಳಿತು ಕೇಳಿದರು.

"ಅಲ್ಲಿ ಎಂತ ಉಂಟು ಮಗಾ?"

"ಕಲ್ಲು, ಅಮ್ಮ."

"ಕಲ್ಲು ಮಾತ್ರವಾ? ಜೀವ ಇರುವಂಥದ್ದು ಒಂದೂ ಇಲ್ಲವಾ?"

ಮಾವನಿಗೆ ಆಗ ಆ ಗಿಡದ ನೆನಪಾಯಿತು. ಉಂಟು ಅಮ್ಮ, ಒಂದು ಸಣ್ಣ ಗಿಡ ಉಂಟು, ಅದು ಹೂ ಬಿಡುತ್ತದೆ ಎಂದರು.

"ಹೂವಾ? ಅವನು ಇರುವಲ್ಲಿ ಹೂ ಆಗ್ತದಾ?"

"ಆಗ್ತದೆ."

"ನನಗೊಮ್ಮೆ ತೋರಿಸ್ತೀಯಾ?" ಎಂದರಂತೆ.

ಇನ್ನೊಂದು ವಿಷಯವನ್ನೂ ಇಲ್ಲಿಯೇ ಹೇಳಬೇಕು. ಮಗನ ಸುದ್ದಿ ಬಂದ ದಿನದಿಂದ ಕಲ್ಯಾಣಿಯಮ್ಮ ಮಲಗುವಾಗ ಏನನ್ನೂ ಹೊದೆಯುತ್ತಿರಲಿಲ್ಲ. ಆಟಿ ತಿಂಗಳ ಮಳೆಗೆ ನಮ್ಮಲ್ಲಿ ಗೋಡೆಯೂ ಬೆವರುತ್ತದೆ, ಹಾಸಿಗೆಯೂ ಒದ್ದೆಯೊದ್ದೆ. ಅಂಥ ಹೊತ್ತಿನಲ್ಲಿಯೂ ಬರೀ ಚಾಪೆ, ಮೈಮೇಲೆ ಉಟ್ಟ ಸೀರೆ. ಮಗಳು ಬಂದು ಕಂಬಳಿ ಹೊದಿಸಿದರೆ ತೆಗೆದಿಡುತ್ತಿದ್ದರು. "ಅವನು ಅಲ್ಲಿ ಹಾಗೆ ಮಲಗಿರುವಾಗ ನಾನು ಇಲ್ಲಿ ಹೊದ್ದುಕೊಂಡು ಮಲಗುವುದಾ?" ಎಂದಿದ್ದರಂತೆ ಒಮ್ಮೆ. ಮತ್ತೆ ಯಾರೂ ಒತ್ತಾಯಿಸಲಿಲ್ಲ. ಆಟಿಯಲ್ಲಿ ಮನೆಯ ತೀರಿಹೋದವರಿಗೆಲ್ಲ ಬಾಳೆ ಎಲೆ ಹಾಕಿ ಬಡಿಸುತ್ತೇವಷ್ಟೆ. ಆ ಸಾಲಿನಲ್ಲಿ ಸಂಜೀವನ ಹೆಸರಿಗೆ ಎಲೆ ಹಾಕಲೂ ಅವರು ಬಿಟ್ಟಿರಲಿಲ್ಲ. ಮಾವನಿಗೆ ಇದೆಲ್ಲ ಗೊತ್ತಿತ್ತು. ಅದಕ್ಕೇ ಆ ಮನೆಯಲ್ಲಿ ಅವರು ಹಿಮ ಎಂಬ ಪದವನ್ನೇ ಬಾಯಿಗೆ ತರುತ್ತಿರಲಿಲ್ಲ. ಗಿಡದ ಮಾತು ಬಂದಾಗ ಹೂವಿನ ಬಣ್ಣ ಹೇಳುತ್ತಿದ್ದರು, ಗಾತ್ರ ಹೇಳುತ್ತಿದ್ದರು. ಅದರ ಮೇಲೆ ವರ್ಷದ ಬಹುಪಾಲು ಏನು ಬಿದ್ದುಕೊಂಡಿರುತ್ತದೆ ಎಂಬುದನ್ನು ಮಾತ್ರ ಹೇಳುತ್ತಿರಲಿಲ್ಲ.

ಬೀಜ ಕಳಿಸುತ್ತಿದ್ದವರು ಮಾವನ ಜೊತೆಗಿದ್ದ ಹಿಮಾಚಲದ ಒಬ್ಬ ಗೆಳೆಯರು. ಅವರ ಊರಿನ ಮೇಲಿನ ಬೆಟ್ಟದಲ್ಲಿಯೂ ಅದೇ ಗಿಡ ಇತ್ತಂತೆ. ಅಂಚೆಯಲ್ಲಿ ಬಂದ ಬೀಜವನ್ನು ಮಾವ ಒದ್ದೆ ಹೊಯಿಗೆಯೊಂದಿಗೆ ಒಂದು ತಗಡಿನ ಡಬ್ಬಿಯಲ್ಲಿ ಹಾಕಿ ಫ್ರಿಜ್ಜಿನೊಳಗೆ ಇಟ್ಟರು. ಒಂದು ಚಳಿಗಾಲ ಕಳೆದೆ ಎಂದು ಬೀಜಕ್ಕೆ ನಂಬಿಕೆಯಾಗದೆ ಅದು ಮೊಳೆಯುವುದಿಲ್ಲ. ಹಾಗಾಗಿ ಸಿದ್ಧಕಟ್ಟೆಯ ಸೆಕೆಯಲ್ಲಿ ಆ ಡಬ್ಬಿ ಅತ್ತೆಯ ಅಂಜಲ್ ಮೀನಿನ ಪಕ್ಕದಲ್ಲಿ ತನ್ನ ಚಳಿಗಾಲವನ್ನು ಕಳೆಯಿತು. ಕರೆಂಟು ಹೋದಾಗಲೆಲ್ಲ ಮಾವ ಫ್ರಿಜ್ಜಿನ ಬಾಗಿಲಿಗೆ ಕೈಯೊತ್ತಿ ನಿಲ್ಲುತ್ತಿದ್ದರು, ಯಾರೂ ತೆರೆಯದಂತೆ.

ಮೊಳೆತದ್ದು ಕೆಲವು, ಉಳಿದದ್ದು ಅದಕ್ಕಿಂತಲೂ ಕಡಿಮೆ. ನಮ್ಮ ಊರಿನವರಿಗೆ ಗಿಡದ ಮೇಲೆ ಪ್ರೀತಿ ಎಂದರೆ ಗೊತ್ತಿರುವುದು ಎರಡೇ: ಹಟ್ಟಿಗೊಬ್ಬರ ಮತ್ತು ನೀರು. ಈ ಗಿಡಕ್ಕೆ ಎರಡೂ ವಿಷ. ಶಾರದತ್ತೆ ಮೀನು ತೊಳೆದ ನೀರನ್ನು ಕರಿಬೇವಿನ ಬುಡಕ್ಕೆ ಹಾಕುವವರು, ಅಕ್ಕಿ ತೊಳೆದದ್ದನ್ನು ಬಸಳೆಗೆ. ಗಂಡ ಈ ಬಡಪಾಯಿ ಗಿಡಗಳನ್ನು ಜಲ್ಲಿಯಲ್ಲಿ ಉಪವಾಸ ಕೆಡವಿದ್ದಾನೆ ಎಂದು ಅವರಿಗೆ ಒಳಗೇ ಸಂಕಟ. ಒಂದು ದಿನ ಮಾವ ಬಂಟ್ವಾಳಕ್ಕೆ ಹೋಗಿದ್ದಾಗ ಎಲ್ಲಕ್ಕೂ ಸೆಗಣಿ ನೀರು ಹಾಕಿದರು. ಗಿಡಗಳು ತಿಂಗಳೊಳಗೆ ದಪ್ಪಗಾಗಿ, ಮೆತ್ತಗಾಗಿ, ನೋಡಲು ಚೆಂದವಾದವು. ಮೊದಲ ಮಳೆಗೆ ಒಂದೊಂದೇ ನಡುವಿನಿಂದ ಕೊಳೆತವು. ಅತ್ತೆ ಅತ್ತದ್ದನ್ನು ನಾನು ನೋಡಿದ್ದೇನೆ. ಮಾವ ಬೈಯಲಿಲ್ಲ. ಮತ್ತೆ ಹಿಮಾಚಲಕ್ಕೆ ಫೋನು ಮಾಡಿದರು.

ನನಗೆ ವಹಿಸಿದ್ದ ಕೆಲಸ ಕೋಳಿ ಓಡಿಸುವುದು. ಲೆಕ್ಕಶಾಸ್ತ್ರ ಓದುವವಳಿಗೆ ಅದಕ್ಕಿಂತ ಹೆಚ್ಚಿನ ಜವಾಬ್ದಾರಿ ಕೊಡುವ ಧೈರ್ಯ ಮಾವನಿಗಿರಲಿಲ್ಲ. ನಾನು ನೆಟ್ಟ ಗೆಣಸಿನ ಬಳ್ಳಿಯೇ ಒಣಗಿದ್ದನ್ನು ಅವರು ನೋಡಿದ್ದರು. ಆದರೂ ಪುಸ್ತಕ ಹಿಡಿದು ಅಲ್ಲಿ ಕುಳಿತಿದ್ದರಿಂದ ಅವರ ಕೆಲಸವನ್ನು ನೋಡುವುದು ಸಿಕ್ಕಿತು. ಪ್ರತಿ ಗಿಡದ ಕುತ್ತಿಗೆಯ ಸುತ್ತ ಅವರು ಜಲ್ಲಿಯನ್ನು ಬೆರಳಿನಿಂದ ಒತ್ತಿಡುತ್ತಿದ್ದರು, ನೀರು ಅಲ್ಲಿ ನಿಲ್ಲದಂತೆ. ಅದಕ್ಕೆ ಅವರು ಹೊದಿಕೆ ಎನ್ನುತ್ತಿದ್ದರು. ಎಲೆಗಳ ನಡುವೆ ನೀರಿನ ಹನಿ ಕೂತರೆ ಬಾಯಿಂದ ಊದುತ್ತಿದ್ದರು. ದೊಡ್ಡ ಮೈಯ ಮನುಷ್ಯ ಹೊಟ್ಟೆಯಡಿಯಾಗಿ ಮಲಗಿ ಗುಂಡಿಯಷ್ಟು ಗಿಡಕ್ಕೆ ಉಫ್ ಎನ್ನುವುದನ್ನು ನೋಡಿ ನನಗೆ ನಗು ಬರುತ್ತಿತ್ತು. ಯಾಕೆ ಮಾವ, ಇದಕ್ಕೆ ಅಲ್ಲಿ ಇಷ್ಟು ಉಪಚಾರ ಯಾರು ಮಾಡುತ್ತಾರೆ ಎಂದು ಕೇಳಿದೆ.

"ಅಲ್ಲಿ ಹಿಮ ಮಾಡ್ತದೆ ಮಗಾ" ಎಂದರು. "ಹಿಮ ಬಿದ್ದರೆ ಇದು ಸಾಯುವುದಿಲ್ಲ. ಹಿಮ ಬೀಳದಿದ್ದರೆ ಸಾಯುವುದು. ಮೇಲೆ ಗಾಳಿ ಕೊಯ್ತಾ ಇರ್ತದೆ, ಕಲ್ಲು ಒಡೀತದೆ. ಹಿಮದ ಅಡಿಯಲ್ಲಿ ಗಾಳಿ ಇಲ್ಲ. ಒದ್ದೆಯಾಗುವುದಿಲ್ಲ, ಬೆಚ್ಚಗೆ ಇರ್ತದೆ. ಆರು ತಿಂಗಳು ನಿದ್ದೆ."

ಇದನ್ನು ಅವರು ನನಗೆ ಹೇಳಿದ್ದು ಗೊಬ್ಬರದ ವಿಷಯ ಹೇಳಿದ ಹಾಗೆಯೇ, ಗಿಡ ಸಾಕುವ ಮಾಹಿತಿಯಾಗಿ. ನಾನೂ ಹಾಗೆಯೇ ಕೇಳಿಕೊಂಡೆ. ನಮ್ಮಿಬ್ಬರಲ್ಲಿ ಒಬ್ಬರಿಗೂ ಬೇರೇನೂ ಹೊಳೆಯಲಿಲ್ಲ.

ಎರಡನೆಯ ಸಲದ ಗಿಡಗಳಲ್ಲಿ ಒಂದು ಮಾತ್ರ ಮಳೆಗಾಲವನ್ನು ದಾಟಿತು. ಫೈಬರ್ ಶೀಟಿನ ಅಡಿಯಲ್ಲಿ ನೀರು ತಾಗದೆ, ನಾಲ್ಕೂ ಬದಿಯ ಗಾಳಿಗೆ ಒಣಗುತ್ತ ಅದು ಉಳಿಯಿತು. ಮುಂದಿನ ಮಳೆಗಾಲವನ್ನೂ ದಾಟಿತು. ಗುಂಡಿಯಷ್ಟಿದ್ದದ್ದು ಡಬ್ಬಿಯ ಮುಚ್ಚಳದಷ್ಟಾಯಿತು. ನನ್ನ ಡಿಗ್ರಿಯ ಕೊನೆಯ ಪರೀಕ್ಷೆಯ ಹೊತ್ತಿಗೆ, ಸೆಕೆ ಏರುತ್ತಿದ್ದ ದಿನಗಳಲ್ಲಿ, ಅದರ ನಡುವಿನಲ್ಲಿ ಸಾಸಿವೆಯಷ್ಟು ದೊಡ್ಡದಾದ ಏನೋ ಒಂದು ಉಬ್ಬಿತು. ಮಾವ ಭೂತಕನ್ನಡಿ ಹಿಡಿದು ಬಹಳ ಹೊತ್ತು ನೋಡಿದರು. ಅದು ಮೊಗ್ಗೇ ಹೌದೋ ಅಲ್ಲವೋ ಈಗ ಯಾರು ಹೇಳಬೇಕು? ಗಿಡದ ಶಾಸ್ತ್ರ ಓದಿದವರು ಕೇಳಿದರೆ ಸಾಧ್ಯವಿಲ್ಲ ಎನ್ನಬಹುದು. ಮಾವ ಮೊಗ್ಗು ಎಂದರು. ಅತ್ತೆಯೂ ಮೊಗ್ಗು ಎಂದರು. ತುದಿಯಲ್ಲಿ ನೇರಳೆ ಕಂಡಂತೆ ನನಗೂ ಆಯಿತು. ಅದೇ ದಿನ ಕನ್ಯಾನಕ್ಕೆ ಫೋನು ಹೋಯಿತು. ಬರುವ ಭಾನುವಾರ ಅಮ್ಮನನ್ನು ಕರೆದುಕೊಂಡು ಬರುತ್ತೇನೆ ಎಂದು ಕಲ್ಯಾಣಿಯಮ್ಮನ ಮಗಳು ಹೇಳಿದರು.

ಆ ವಾರ ಬಿದ್ದ ಸೆಕೆಯನ್ನು ನಾನು ಮರೆತಿಲ್ಲ. ಹಂಚಿನ ಅಡಿಯಲ್ಲಿ ಕುಳಿತರೂ ತಲೆ ಕಾಯುತ್ತಿತ್ತು. ಗಿಡದ ಅಂಚಿನ ಎಲೆಗಳು ಕಂದತೊಡಗಿದವು. ಮಾವ ಒದ್ದೆ ಗೋಣಿ ಕಟ್ಟಿದರು, ಸೋಗೆ ಕಟ್ಟಿದರು. ಕರೆಂಟು ಹೋಗಿ ಬಂದು ಮಾಡುತ್ತಿದ್ದ ಕಾರಣ ಫ್ರಿಜ್ಜಿನಲ್ಲಿ ಐಸು ಕಟ್ಟುತ್ತಿರಲಿಲ್ಲ. ಆಗ ಅವರಿಗೆ ಮೀನಿನ ಹಮೀದಣ್ಣನ ನೆನಪಾಯಿತು. ಹಮೀದಣ್ಣ ಲೂನಾದ ಹಿಂದೆ ಪೆಟ್ಟಿಗೆ ಕಟ್ಟಿಕೊಂಡು ಮಧ್ಯಾಹ್ನದ ಹೊತ್ತಿಗೆ ತಿರುಗಾಟ ಮುಗಿಸಿ ನಮ್ಮ ದಾರಿಯಾಗಿ ಹಿಂದಿರುಗುತ್ತಿದ್ದರು.

"ಐಸು ಉಳಿದದ್ದು ಉಂಟಾ ಹಮೀದಣ್ಣ?"

"ಬೇಕಾದಷ್ಟು ಉಂಟು. ಎಂತಕ್ಕೆ, ಯಾರಿಗಾದರೂ ಪೆಟ್ಟಾಯ್ತಾ?"

"ಗಿಡಕ್ಕೆ."

ಹಮೀದಣ್ಣ ಮಾವನನ್ನು ನೋಡಿದರು, ಗಿಡವನ್ನು ನೋಡಿದರು. ಆ ಹೊತ್ತಿಗೆ ಸಂಗತಿಯೆಲ್ಲ ಊರಿಗೇ ಗೊತ್ತಿದ್ದುದರಿಂದ ಮತ್ತೇನೂ ಕೇಳಲಿಲ್ಲ. ಪೆಟ್ಟಿಗೆಯ ಅಡಿಯಲ್ಲಿದ್ದ ಒಳ್ಳೆಯ ತುಂಡುಗಳನ್ನು ಆರಿಸಿ ತಾವೇ ಗಿಡದ ಸುತ್ತ ಜಲ್ಲಿಯ ಮೇಲೆ ಇಟ್ಟರು. ಹಣ ಕೊಡಲು ಹೋದರೆ ಕೈ ಹಿಂದೆಳೆದುಕೊಂಡರು. ಆ ದಿನ, ಮರುದಿನ, ಅದರ ಮರುದಿನ, ಗಿಡದ ಸುತ್ತ ಸಣ್ಣದೊಂದು ಹಿಮದ ಬೆಟ್ಟವೇ ಇತ್ತು. ಮಾವ ಹತ್ತಿರ ಕುಳಿತು ಅದನ್ನು ನೋಡುತ್ತಿದ್ದ ಮುಖ ನನಗೆ ಇನ್ನೂ ಕಣ್ಣಿಗೆ ಕಟ್ಟಿದಂತಿದೆ. ಅಷ್ಟು ಸಮಾಧಾನವನ್ನು ಆ ಮುಖದಲ್ಲಿ ನಾನು ಅದಕ್ಕೆ ಮೊದಲು ಕಂಡಿರಲಿಲ್ಲ.

ಶುಕ್ರವಾರ ಗಿಡ ಬೂದಿ ಬಣ್ಣಕ್ಕೆ ತಿರುಗಿತು. ಶನಿವಾರ ಬೆಳಿಗ್ಗೆ ಮೊಗ್ಗು ಕಪ್ಪಾಗಿತ್ತು. ಮಾವ ಬಗ್ಗಿ ನೋಡಿದರು. ಒಣಗಿದ ಜಲ್ಲಿಯ ಮೇಲೆ ತೆಳ್ಳಗೆ ಬಿಳಿ ಕಟ್ಟಿತ್ತು. ಬೆರಳಿನಿಂದ ಒರೆಸಿ ನಾಲಿಗೆಗೆ ಹಚ್ಚಿಕೊಂಡರು. ಹಾಗೆಯೇ ಕಲ್ಲಿನ ಮೇಲೆ ಕುಳಿತರು.

"ಉಪ್ಪು" ಎಂದರು.

ಇಷ್ಟು ದಿನ ಗೊಬ್ಬರ ಬೇಡ, ನೀರು ಬೇಡ ಎಂದು ಎಲ್ಲರಿಗೆ ಪಾಠ ಹೇಳಿದವರು ಅವರು. ಐಸಿನ ವಿಷಯ ಮಾತ್ರ ಅವರಿಗೂ ಹೊಳೆಯಲಿಲ್ಲ, ಹಮೀದಣ್ಣನಿಗೂ ಇಲ್ಲ, ನಮಗೂ ಇಲ್ಲ. ಹೊಳೆಯುವುದಾದರೂ ಹೇಗೆ? ನಮ್ಮ ಊರಿನಲ್ಲಿ ಐಸು ಎಂದರೆ ಮೀನಿನ ಐಸು. ತಂಪೂ ಉಪ್ಪೂ ನಮಗೆ ಹುಟ್ಟಿದಾಗಿನಿಂದ ಒಂದೇ ಪೆಟ್ಟಿಗೆಯಲ್ಲಿ ಬಂದದ್ದು. ಆ ಎತ್ತರದಲ್ಲಿ ಅಷ್ಟು ವರ್ಷ ಹಿಮದ ಮೇಲೆ ನಡೆದ ಮನುಷ್ಯ, ಊರಿಗೆ ಬಂದ ಮೇಲೆ, ಊರಿನವರೇ ಆಗಿಬಿಟ್ಟಿದ್ದರು.

ಬರುವುದು ಬೇಡ ಎಂದು ಫೋನು ಮಾಡುವ ಎಂದರು ಅತ್ತೆ. ಮಾವ ಒಪ್ಪಲಿಲ್ಲ. "ಬರಲಿ. ನಾನೇ ಹೇಳ್ತೇನೆ" ಎಂದರು. ಸತ್ತ ಗಿಡವನ್ನು ಕೀಳಲೂ ಇಲ್ಲ.

ಭಾನುವಾರ ಹತ್ತು ಗಂಟೆಯ ಹೊತ್ತಿಗೆ ಮಗಳ ಕೈ ಹಿಡಿದುಕೊಂಡು ಕಲ್ಯಾಣಿಯಮ್ಮ ರಿಕ್ಷಾದಿಂದ ಇಳಿದರು. ತೆಳ್ಳಗಿನ, ನೆಟ್ಟಗಿನ ಹೆಂಗಸು. ಹೊಸ ಸೀರೆ ಉಟ್ಟಿದ್ದರು, ತಲೆಗೆ ಎಣ್ಣೆ ಹಾಕಿ ಬಾಚಿದ್ದರು. ಯಾರನ್ನೋ ನೋಡಲು ಬಂದವರ ಹಾಗೆ ಇದ್ದರು. ಮಾವ ಅವರನ್ನು ನೇರವಾಗಿ ಕಲ್ಲಿನ ಹತ್ತಿರವೇ ಕರೆದುಕೊಂಡು ಹೋದರು.

"ಸತ್ತುಹೋಯ್ತು ಅಮ್ಮ" ಎಂದರು. "ಮೊನ್ನೆಯವರೆಗೆ ಇತ್ತು. ಮೊಗ್ಗು ಬಂದಿತ್ತು. ನಾನೇ ಐಸು ಹಾಕಿ ಕೊಂದೆ."

ಕಲ್ಯಾಣಿಯಮ್ಮ ಅತ್ತೆ ಹಾಕಿದ ಮಣೆಯ ಮೇಲೆ ಕುಳಿತರು. ಬಗ್ಗಿ ನೋಡಿದರು. ಆ ಗಿಡ ಸತ್ತ ಮೇಲೂ ಆಕಾರ ಬಿಡುವುದಿಲ್ಲ; ಬೂದುಬಣ್ಣದ ಒಂದು ಸಣ್ಣ ದಿಂಬಿನಂತೆ ಹಾಗೆಯೇ ಕುಳಿತಿರುತ್ತದೆ. ಅದರ ಮೇಲೆ ಮೆಲ್ಲಗೆ ಅಂಗೈ ಇಟ್ಟರು.

"ಐಸು ಯಾಕೆ ಹಾಕಿದೆ ಮಗಾ?"

ಮಾವ ಇಷ್ಟು ವರ್ಷ ನುಂಗಿಕೊಂಡ ಪದ ಈಗ ಬಾಯಿಗೆ ಬರಲೇಬೇಕಿತ್ತು. "ಅಲ್ಲಿ ಇದರ ಮೇಲೆ ಹಿಮ ಇರ್ತದೆ ಅಮ್ಮ. ಅದಕ್ಕೆ ಹಾಕಿದೆ."

"ಹಿಮ ಬಿದ್ದರೆ ಇದು ಸಾಯುವುದಿಲ್ಲವಾ?"

"ಇಲ್ಲ. ಹಿಮ ಇದ್ದರೇ ಇದಕ್ಕೆ ಒಳ್ಳೆಯದು. ಗಾಳಿ ತಾಗುವುದಿಲ್ಲ."

"ಚಳಿ?"

"ಹೊರಗೆ ಚಳಿ. ಹಿಮದ ಅಡಿಯಲ್ಲಿ ಅಷ್ಟು ಇಲ್ಲ. ಅಡಿಯಲ್ಲಿ ಬೆಚ್ಚಗೆ ಇರ್ತದೆ."

ಅಷ್ಟು ಹೇಳಿದ ಮೇಲೆ ಮಾವನಿಗೆ ತಾನು ಏನು ಹೇಳಿದೆ ಎಂದು ಗೊತ್ತಾಯಿತು. ನನಗೂ ಗೊತ್ತಾಯಿತು. ಕಲ್ಯಾಣಿಯಮ್ಮನ ಮಗಳು ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಕಲ್ಯಾಣಿಯಮ್ಮ ಮಾತ್ರ ಗಿಡದ ಮೇಲಿನ ಕೈಯನ್ನು ತೆಗೆಯದೆ ಮಾವನ ಮುಖವನ್ನು ನೋಡುತ್ತಿದ್ದರು.

"ನೀನು ನೋಡಿದ್ದೀಯಾ? ನನ್ನ ಸಮಾಧಾನಕ್ಕೆ ಹೇಳುವುದಲ್ಲ ಅಲ್ಲವಾ?"

"ನೋಡಿದ್ದೇನೆ ಅಮ್ಮ. ಬೇಸಿಗೆಯಲ್ಲಿ ಹಿಮ ಸರಿಸಿದರೆ ಅಡಿಯಲ್ಲಿ ಹಸಿರಾಗಿಯೇ ಇರ್ತದೆ. ನನ್ನ ಕೈಯಿಂದಲೇ ಸರಿಸಿದ್ದೇನೆ."

ಅವರು ತಲೆಯಾಡಿಸಿದರು.

ಊಟಕ್ಕೆ ಕುಳಿತರು. ನೀರುದೋಸೆ ಮತ್ತು ಕೋಳಿ ಸಾರು ಮಾಡಿದ್ದ ಅತ್ತೆಗೆ ಬಡಿಸಲು ಕೈಯೇ ಬಾರದು. ಕಲ್ಯಾಣಿಯಮ್ಮ ಹಸಿದವರ ಹಾಗೆ ಉಂಡರು. ಊಟದ ನಂತರ ಚಾವಡಿಯಲ್ಲಿ ಚಾಪೆ ಹಾಸಿ ಕೊಟ್ಟೆವು. ಫ್ಯಾನು ಬಿಸಿಗಾಳಿಯನ್ನೇ ತಿರುಗಿಸುತ್ತಿತ್ತು. ನನ್ನ ಬೆನ್ನಿನ ಮೇಲೆ ಬೆವರು ಹರಿಯುತ್ತಿತ್ತು. ಮಲಗಿದವರು ತಲೆ ಎತ್ತಿ ಅತ್ತೆಯನ್ನು ಕರೆದರು.

"ಹೊದೆಯಲಿಕ್ಕೆ ಎಂತಾದರೂ ಉಂಟಾ?"

ಅತ್ತೆ ಒಳಗೆ ಓಡಿ, ಪೆಟ್ಟಿಗೆಯಿಂದ ಮಾವನ ಸೈನ್ಯದ ಉಣ್ಣೆಯ ಕಂಬಳಿಯನ್ನೇ ತಂದರು. ಗಡಿಬಿಡಿಯಲ್ಲಿ ಕೈಗೆ ಸಿಕ್ಕಿದ್ದು ಅದು. ಬೇಸಿಗೆಯ ಆ ಮಟಮಟ ಮಧ್ಯಾಹ್ನ ಕಲ್ಯಾಣಿಯಮ್ಮ ಅದನ್ನು ಕುತ್ತಿಗೆಯವರೆಗೆ ಎಳೆದುಕೊಂಡು, ಗೋಡೆಯ ಕಡೆ ತಿರುಗಿ, ಕಾಲು ಮಡಚಿ ಮಲಗಿದರು. ಸ್ವಲ್ಪ ಹೊತ್ತಿನಲ್ಲಿ ಉಸಿರು ನಿಧಾನವಾಯಿತು. ಮಗಳು ಹೊರಗೆ ಹೋಗಿ ಬಾವಿಕಟ್ಟೆಯ ಹತ್ತಿರ ನಿಂತು ಅತ್ತರು. ಮಾವ ಚಾವಡಿಯ ಮೆಟ್ಟಿಲ ಮೇಲೆ ಕುಳಿತು, ಅವರು ಏಳುವವರೆಗೆ ಅಲ್ಲಿಂದ ಕದಲಲಿಲ್ಲ. ಕೋಳಿ ಓಡಿಸುವ ನನ್ನ ಕೆಲಸವನ್ನು ಆ ದಿನ ನಾನು ಬಹಳ ಶ್ರದ್ಧೆಯಿಂದ ಮಾಡಿದೆ, ಒಂದೂ ಸದ್ದಾಗದ ಹಾಗೆ.

ಆ ವರ್ಷದ ಆಟಿಯಲ್ಲಿ ಕನ್ಯಾನದ ಮನೆಯಲ್ಲಿ ಎಲೆಗಳ ಸಾಲಿಗೆ ಒಂದು ಎಲೆ ಹೆಚ್ಚು ಬಿತ್ತು. ಬಡಿಸಲು ಮಾವನನ್ನೇ ಕರೆದಿದ್ದರು.

ಹೂವಿನ ಮಾತನ್ನು ಕಲ್ಯಾಣಿಯಮ್ಮ ಮತ್ತೆ ಎತ್ತಲಿಲ್ಲ. ಮಾವ ಮಾತ್ರ ಬೀಜ ಹಾಕುವುದನ್ನು ಬಿಡಲಿಲ್ಲ. ಕಲ್ಯಾಣಿಯಮ್ಮ ತೀರಿಹೋದ ಮೇಲೂ, ಅಂದರೆ ನನಗೆ ಮದುವೆಯಾಗಿ ಎಷ್ಟೋ ಕಾಲದ ನಂತರವೂ ಹಾಕುತ್ತಲೇ ಇದ್ದರು. ಪ್ರತಿ ಸಲ ಮೊಳೆಯುತ್ತಿತ್ತು, ಒಂದು ಮಳೆಗೋ ಒಂದು ಬೇಸಿಗೆಗೋ ಹೋಗುತ್ತಿತ್ತು. ಇನ್ನು ಯಾರಿಗಾಗಿ ಮಾವ, ಎಂದು ಒಮ್ಮೆ ಕೇಳಿದ್ದೆ. "ಇರಲಿ ಮಗಾ, ಇರುವಷ್ಟು ದಿನ ಇರ್ತದೆ" ಎಂದಿದ್ದರು. ಇದೆಂಥ ಉತ್ತರ ಎನಿಸಿತ್ತು ನನಗೆ. ಸಾಯುವುದು ಖಂಡಿತ ಎಂದು ಗೊತ್ತಿದ್ದೂ ನೆಡುವುದು ಯಾವ ಲೆಕ್ಕಶಾಸ್ತ್ರಕ್ಕೂ ಹೊಂದುವುದಿಲ್ಲ.

ಎರಡು ವರ್ಷದ ಹಿಂದೆ ಮಾವ ಹೋದರು. ಅತ್ತೆ ನನ್ನನ್ನು ಕರೆದು ಫ್ರಿಜ್ಜಿನಲ್ಲಿದ್ದ ಆ ತಗಡಿನ ಡಬ್ಬಿ ಕೊಟ್ಟರು. ಒಳಗೆ ಒಣ ಬೀಜದ ಪೊಟ್ಟಣ ಇನ್ನೂ ಇತ್ತು. "ಕಲ್ಲುಗಳನ್ನೂ ತೆಗೆದುಕೊಂಡು ಹೋಗು. ನನಗೆ ನೋಡ್ಲಿಕ್ಕೆ ಆಗುವುದಿಲ್ಲ" ಎಂದರು. ಟೆಂಪೋದಲ್ಲಿ ತಂದ ಕಲ್ಲುಗಳು ನಮ್ಮ ಮನೆಯ ಹಿಂದೆ ಹಾಗೆಯೇ ಬಿದ್ದುಕೊಂಡವು. ಡಬ್ಬಿ ನನ್ನ ಫ್ರಿಜ್ಜಿಗೆ ಹೋಯಿತು. ಅಷ್ಟು ಕಾಲ ಕೈ ಹಚ್ಚಲು ನನಗೆ ಮನಸ್ಸು ಬರಲಿಲ್ಲ. ಮೊಳೆತರೆ ಅದನ್ನು ಸಾಯುವಾಗ ನೋಡಬೇಕಲ್ಲ ಎಂಬುದೇ ಕಾರಣ. ಮಾವ ಹೋಗುವುದನ್ನು ನೋಡಿ ಆಗಿತ್ತು, ಇನ್ನೊಂದು ಸಾವು ಬೇಡವಾಗಿತ್ತು.

ಬಂಗುಡೆಯನ್ನು ಪುಸ್ತಕದ ಕಪಾಟಿನ ಮೇಲಿಟ್ಟ ಆ ಬೆಳಿಗ್ಗೆ ಕುಳಿತಲ್ಲಿಯೇ ನನಗೆ ಇದೆಲ್ಲ ಮತ್ತೆ ಕಣ್ಣ ಮುಂದೆ ಬಂತು. ಹೂ ಅರಳಲಿಲ್ಲ, ನಿಜ. ಗಿಡವೂ ಸತ್ತಿತ್ತು. ಆ ತಾಯಿಗೆ ಬೇಕಾದದ್ದು ಸಿಕ್ಕಿದ್ದು ಆ ಸತ್ತ ಗಿಡದಿಂದಲೇ. ಅದನ್ನು ಇಷ್ಟು ದಿನ ಸಾಕಿದ್ದರಿಂದಲೇ ಮಾವನಿಗೆ ಹೇಳಲು ಒಂದು ಮಾತು ಇತ್ತು. ನಾನು ಎರಡು ವರ್ಷ ಡಬ್ಬಿ ಮುಚ್ಚಿಟ್ಟುಕೊಂಡು ದುಃಖವನ್ನು ತಪ್ಪಿಸಿಕೊಂಡೆ ಎಂದುಕೊಂಡಿದ್ದೆ. ತಪ್ಪಿಸಿಕೊಂಡದ್ದು ಏನೂ ಇರಲಿಲ್ಲ.

ಮರುದಿನ ಮೀನಿನವನು ಬಂದಾಗ, "ಇನ್ನು ಸ್ವಲ್ಪ ಮುಂದೆ ನಿಲ್ಲಿಸು ಮಾರಾಯ" ಎಂದೆ.

"ಯಾಕಕ್ಕಾ, ಅಲ್ಲಿ ಗಿಡ ನೆಡ್ಲಿಕ್ಕುಂಟಾ?"

"ಉಂಟು."

"ಆ ಜಾಗದಲ್ಲಿ ಎಂತದೂ ಆಗುವುದಿಲ್ಲ" ಎಂದು ನಗುತ್ತ ರಿಕ್ಷಾವನ್ನು ಮುಂದೆ ತೆಗೆದ.

ಉಪ್ಪಿನ ಮಣ್ಣನ್ನೆಲ್ಲ ತೆಗೆಸಿ ಹೊರಗೆ ಹಾಕಿಸಿದೆ. ಮಾವನ ಕಲ್ಲುಗಳನ್ನು ನೆನಪಿದ್ದಂತೆ ಓರೆಯಾಗಿ ಹೂತೆ, ಹೊಯಿಗೆ ಮತ್ತು ಜಲ್ಲಿ ತುಂಬಿಸಿದೆ, ಮೇಲೊಂದು ಫೈಬರ್ ಶೀಟು ನಿಲ್ಲಿಸಿದೆ. ರಸ್ತೆಯ ಅಂಚು ನನ್ನದಲ್ಲ. ಪುರಸಭೆಯವರು ಕೇಳಿದರೆ ಏನಾದರೂ ಹೇಳಬೇಕು. ಆದರೆ ಆ ಕಲ್ಲುಗಳನ್ನು ನೋಡಿದ ಮೇಲೆ ಕೀಳುವ ಧೈರ್ಯ ಅವರಲ್ಲಿ ಯಾರಿಗೂ ಬರಲಾರದು ಎಂದು ನನ್ನ ನಂಬಿಕೆ. ಈ ಡಿಸೆಂಬರಿನ ತಂಪಿನಲ್ಲಿ, ನಿನ್ನೆ ಸಂಜೆ, ಡಬ್ಬಿಯನ್ನು ತೆರೆದು ಬೀಜ ಹಾಕಿದೆ.

ಇವತ್ತು ಬೆಳಿಗ್ಗೆ ಹೊರಗೆ ಕುಳಿತು ಜಲ್ಲಿ ಸರಿಮಾಡುತ್ತಿದ್ದೆ. ಕೂಲಿ ಕೆಲಸಕ್ಕೆ ಹೋಗುತ್ತಿದ್ದ ಒಬ್ಬ ಹೆಂಗಸು ದಾರಿಯಲ್ಲಿ ನಿಂತು, ಚಪ್ಪಲಿ ಕಳಚಿ, ಕೈಮುಗಿದಳು. ಹೋಗಲು ಹೊರಟವಳು ತಿರುಗಿ ಕೇಳಿದಳು.

"ಇದು ಯಾವ ದೈವ ಅಕ್ಕಾ?"

"ಇನ್ನೂ ಬರಲಿಲ್ಲ" ಎಂದೆ.

ಅವಳು ಹೋದ ಮೇಲೆ, ಬೀಜದ ಮೇಲಿನ ಜಲ್ಲಿಯ ಹೊದಿಕೆಯನ್ನು ಇನ್ನೊಂದಿಷ್ಟು ಎಳೆದೆ.